ಹಸ್ತಾ ನಕ್ಷತ್ರದ ಫೈಲು

ಬಾಯಿಬಿಟ್ಟರೆ ಬಣ್ಣಗೇಡು ಎಂಬ ಗಾದೆ ಕಶ್ಯಪನಿಗೆ ಚೆನ್ನಾಗಿಯೇ ಗೊತ್ತಿತ್ತು. ಗಾದೆ ಗೊತ್ತಿದ್ದವರೆಲ್ಲ ಅದರಂತೆ ನಡೆದುಕೊಂಡಿದ್ದರೆ ನಮ್ಮಂಥ ಕತೆ ಹೇಳುವವರು ಎಂದೋ ಅಂಗಡಿ ಮುಚ್ಚಬೇಕಾಗಿತ್ತು.

ಆ ಶುಕ್ರವಾರ ಅವನಿಗಿದ್ದ ಕೆಲಸ ಒಂದೇ: ಜರ್ಮನಿಯ ಬೊಬ್ಲಿಂಗೆನ್‌ನ ಆಫೀಸಿನಲ್ಲಿ ಮಧ್ಯಾಹ್ನದವರೆಗೆ ಸುಮ್ಮನೆ ಕೂತಿರುವುದು. ಮಧ್ಯಾಹ್ನ ರೈಲು ಹತ್ತಿದರೆ ಸಂಜೆಗೆ ಫ್ರಾಂಕ್‌ಫರ್ಟ್, ಅಲ್ಲಿಂದ ವಿಮಾನ, ಮರುದಿನ ಬೆಂಗಳೂರು, ಆಮೇಲೆ ಕಾರಿನಲ್ಲಿ ಮೈಸೂರು. ಭಾನುವಾರ ಬೆಳಿಗ್ಗೆ ಮಗಳ ನಾಮಕರಣ. ಮಗಳಿಗೆ ಮೂರು ತಿಂಗಳು ತುಂಬುತ್ತ ಬಂದಿತ್ತು, ಅಪ್ಪ ಅವಳನ್ನು ಇನ್ನೂ ಒಮ್ಮೆಯೂ ಮುಟ್ಟಿರಲಿಲ್ಲ.

ಹೆಂಡತಿ ಶುಭಾ ಬಾಣಂತನಕ್ಕೆ ತವರಿಗೆ ಹೊರಟಾಗ, "ಹೆರಿಗೆ ಹೊತ್ತಿಗೆ ಬಂದೇಬಿಡ್ತೀನಿ" ಎಂದು ಕಶ್ಯಪ ಆಣೆ ಮಾಡಿದ್ದ. ಮಗು ಹೇಳಿದ್ದಕ್ಕಿಂತ ಮೊದಲೇ ಬಂತು, ಆಫೀಸಿನ ಹೊಸ ಯಂತ್ರ ಹೇಳಿದ್ದಕ್ಕಿಂತ ತಡವಾಗಿ ಬಂತು, ಎರಡರ ನಡುವೆ ಸಿಕ್ಕಿಕೊಂಡವನು ಇವನು. ಅಂದಿನಿಂದ ದಿನಾ ಫೋನಿನಲ್ಲೇ ಮಗುವಿನ ದರ್ಶನ. ಗಾಜಿನ ಮೇಲೆ ಎರಡು ಬೆರಳಾಡಿಸಿದರೆ ಮಗುವಿನ ಕೆನ್ನೆ ದೊಡ್ಡದಾಗುತ್ತಿತ್ತು. ಬೆಚ್ಚಗಂತೂ ಆಗುತ್ತಿರಲಿಲ್ಲ. ಭಾನುವಾರ ತಟ್ಟೆಯ ಅಕ್ಕಿಯಲ್ಲಿ ಉಂಗುರದಿಂದ ಹೆಸರು ಬರೆದು, ಆ ಪುಟ್ಟ ಕಿವಿಯ ಹತ್ತಿರ ಬಗ್ಗಿ, ಹೆಸರನ್ನು ಮೊದಲ ಸಲ ತಾನೇ ಹೇಳಬೇಕು. ಅವನಿಗೆ ಬೇಕಾಗಿದ್ದುದು ಅಷ್ಟೇ.

ಆ ಹೆಸರಿಗಾಗಿ ಎರಡು ಮನೆಗಳ ನಡುವೆ ಸಣ್ಣ ಕುರುಕ್ಷೇತ್ರವೇ ನಡೆದಿತ್ತು. ಮಗು ಹುಟ್ಟಿದ್ದು ಹಸ್ತಾ ನಕ್ಷತ್ರ, ಮೂರನೇ ಪಾದ. ಹಸ್ತಾಕ್ಕೆ ಪಂಚಾಂಗ ಕೊಡುವ ಅಕ್ಷರಗಳು ಪು, ಷ, ಣ, ಠ. ಮೂರನೇ ಪಾದ ಎಂದರೆ ಣ. ಣ ಅಕ್ಷರದಿಂದ ಶುರುವಾಗುವ ಹೆಣ್ಣುಮಗುವಿನ ಹೆಸರನ್ನು ಇಷ್ಟು ಶತಮಾನಗಳಲ್ಲಿ ಯಾರೂ ಕಂಡುಹಿಡಿದಿಲ್ಲ. ಕೊನೆಗೆ ಪುರೋಹಿತರೇ ಕರುಣೆಯಿಂದ "ಪು ಆದರೂ ನಡೆಯುತ್ತೆ" ಎಂದರು. ಕಶ್ಯಪ ಪೂರ್ವಿ ಎಂದು ಆರಿಸಿದ. ಸೂರ್ಯ ಹುಟ್ಟುವ ದಿಕ್ಕಿನಲ್ಲಿದ್ದ ಮಗಳಿಗೆ ಬೇರೆ ಯಾವ ಹೆಸರೂ ಅವನಿಗೆ ತೋಚಲಿಲ್ಲ. ಆದರೆ ಮೂರು ತಿಂಗಳು ಎಲ್ಲರ ಬಾಯಲ್ಲೂ ಪು ಷ ಣ ಠ ಎಂದು ಕೇಳಿ ಕೇಳಿ, ಅದು ಅವನ ತಲೆಯಲ್ಲಿ ಗಾಯತ್ರಿಯ ಹಾಗೆ ಕೂತುಬಿಟ್ಟಿತ್ತು.

ಬೆಳಗಿನ ಮೀಟಿಂಗಿನಲ್ಲಿ ಸೆಕ್ಯುರಿಟಿ ವಿಭಾಗದ ಫ್ರಾವ್ ಲಿಂಡ್ನರ್ ಎದ್ದು ನಿಂತರು. ನಗಬೇಕಾದರೂ ಕ್ಯಾಲೆಂಡರಿನಲ್ಲಿ ಸಮಯ ಗುರುತು ಹಾಕಿಕೊಂಡು ನಗುವಂಥ ಹೆಂಗಸು. ಕಂಪನಿ ತಯಾರಿಸುವುದು ತೂಕದ ಯಂತ್ರಗಳನ್ನು, ಮಾತ್ರೆ ತೂಗುವುದರಿಂದ ಹಿಡಿದು ಲಾರಿ ತೂಗುವುದರವರೆಗೆ. ಆ ಯಂತ್ರಕ್ಕೂ ಕಂಪ್ಯೂಟರಿಗೂ ನಡುವೆ ಮಾತು ಮುಟ್ಟಿಸುವ ಪುಟ್ಟ ಪ್ರೋಗ್ರಾಮಿಗೆ ಡ್ರೈವರ್ ಎಂದು ಹೆಸರು. ಮನೆಯಲ್ಲಿ ಬಹಳ ಕಾಲದಿಂದ ಇರುವ ಅಡುಗೆಭಟ್ಟರ ಹಾಗೆ ಅದಕ್ಕೆ ಎಲ್ಲ ಕೋಣೆಗೂ ಪ್ರವೇಶವುಂಟು. ಅಂಥದ್ದು ಹಿತ್ತಿಲ ಬಾಗಿಲು ಹಾಕದೆ ಮಲಗಿಬಿಟ್ಟರೆ ಯಾವ ಕಳ್ಳ ಬೇಕಾದರೂ ಒಳಗೆ ಬಂದು ಇಡೀ ಕಂಪ್ಯೂಟರನ್ನೇ ಕೈವಶ ಮಾಡಿಕೊಳ್ಳಬಹುದು.

"ನಮ್ಮ ಹಳೇ ಡ್ರೈವರೊಂದರಲ್ಲಿ ಅಂಥ ಬಾಗಿಲು ಸಿಕ್ಕಿದೆ" ಎಂದರು ಲಿಂಡ್ನರ್. "ಹದಿನೆಂಟು ವರ್ಷದಿಂದ ತೆರೆದೇ ಇದೆ. ಬರೆದವರು ಯಾರೆಂದು ದಾಖಲೆ ಇಲ್ಲ. ಇರುವುದು ಹೆಸರು ಮಾತ್ರ, ಅದೂ ಅರ್ಥವಾಗುತ್ತಿಲ್ಲ." ಗೋಡೆಯ ಮೇಲೆ ದೊಡ್ಡದಾಗಿ ಮೂಡಿತು: PuShaNaTha64.sys.

ಕೋಣೆಯಲ್ಲಿ ಊಹೆಗಳು ಹಾರಾಡಿದವು. ಹೀಬ್ರೂ ಇರಬಹುದು ಎಂದರು ಒಬ್ಬರು. ಕಳ್ಳರ ಗುಂಪಿನ ಗುಪ್ತ ಸಹಿ ಎಂದರು ಇನ್ನೊಬ್ಬರು. ಹಿಂದಿನ ಸಾಲಿನಲ್ಲಿ ಯಾರೋ ಪಕ್ಕನೆ ನಕ್ಕರು. ಎಲ್ಲರೂ ತಿರುಗಿ ನೋಡಿದರೆ, ನಕ್ಕವನು ಕಶ್ಯಪ.

"ಅದು ಹಸ್ತಾ ನಕ್ಷತ್ರ" ಎಂದುಬಿಟ್ಟ. ಅಲ್ಲಿಗೇ ನಿಲ್ಲಿಸಿದ್ದರೂ ಬದುಕಿಕೊಳ್ಳುತ್ತಿದ್ದ. ಮೂರು ತಿಂಗಳ ವಿದ್ಯೆ ಹೊಟ್ಟೆಯಲ್ಲಿ ಅರಗದೆ ಕೂತಿತ್ತಲ್ಲ, ಇಪ್ಪತ್ತೇಳು ನಕ್ಷತ್ರ, ಒಂದೊಂದಕ್ಕೆ ನಾಲ್ಕು ಪಾದ, ಪಾದಕ್ಕೊಂದು ಅಕ್ಷರ ಎಂದು ಬೋರ್ಡಿನ ಮೇಲೆ ಚಿತ್ರ ಬರೆದೇ ವಿವರಿಸಿದ. ಜರ್ಮನರು ಬಹಳ ಶ್ರದ್ಧೆಯಿಂದ ಕೇಳಿದರು. ಒಬ್ಬರು ಟಿಪ್ಪಣಿ ಕೂಡ ಮಾಡಿಕೊಂಡರು.

"ಅಂದರೆ ಈ ಫೈಲು ನಿಮಗೆ ಗೊತ್ತು" ಎಂದರು ಲಿಂಡ್ನರ್.

"ಫೈಲು ಗೊತ್ತಿಲ್ಲ, ಹೆಸರು ಗೊತ್ತು ಅಷ್ಟೇ."

"ಈ ಇಡೀ ಕಟ್ಟಡದಲ್ಲಿ ಆ ಹೆಸರು ಗೊತ್ತಿರುವುದು ನಿಮಗೊಬ್ಬರಿಗೇ." ಪರದೆಯ ಮೇಲೆ 'ಫೆರಾಂಟ್ವೋರ್ಟ್‌ಲಿಖ್' ಎಂಬ ಕಾಲಮ್ಮಿನಲ್ಲಿ, ಅಂದರೆ ಹೊಣೆಗಾರರು ಎಂಬ ಕಡೆ, ಕಶ್ಯಪನ ಹೆಸರು ಟಕಟಕನೆ ಮೂಡಿತು. "ನಿಜವಾದ ಹೊಣೆಗಾರರು ಸಿಗುವವರೆಗೆ ನೀವು. ಹೊಣೆಗಾರರು ಬಾಗಿಲು ಮುಚ್ಚದೆ ರಜೆಗೆ ಹೋಗುವಂತಿಲ್ಲ."

ಕಶ್ಯಪ ಹೊರಗೆ ಬಂದು ತನ್ನ ಮೇಜಿನ ಮುಂದೆ ಕುಸಿದು ಕೂತ. ಪಕ್ಕದ ಮೇಜಿನ ಪೃಥ್ವಿ, ಬಸವನಗುಡಿಯ ಹುಡುಗ, ಕಂಪನಿ ಸೇರಿ ನಾಲ್ಕು ತಿಂಗಳಾಗಿತ್ತು ಅಷ್ಟೇ, ಕುರ್ಚಿ ಉರುಳಿಸಿಕೊಂಡು ಬಂದ.

"ಟೆನ್ಶನ್ ಬೇಡ ಗುರು. ಹಸ್ತಾ ಗಿಸ್ತಾ ಅಂತ ಹೆಸರಿಟ್ಟಿರೋನು ಪಕ್ಕಾ ನಮ್ಮೋನೇ. ಅವನನ್ನ ಹಿಡಿದ್ರೆ ನೀನು ಫ್ರೀ. ಕನ್ನಡ ಸಂಘದ ಗ್ರೂಪಲ್ಲಿ ಹಾಕ್ತೀನಿ, ಅರ್ಧ ಗಂಟೇಲಿ ಸಿಗ್ತಾನೆ ನೋಡು."

ಕಶ್ಯಪ ಬೇಡ ಎನ್ನುವಷ್ಟರಲ್ಲಿ ಪೃಥ್ವಿಯ ಹೆಬ್ಬೆರಳು ಕೆಲಸ ಮುಗಿಸಿತ್ತು. "ಅರ್ಜೆಂಟ್! ಪು ಷ ಣ ಠ, ಕಶ್ಯಪ್‌ಗೆ ಹೆಲ್ಪ್ ಮಾಡಿ" ಎಂದು ಬರೆದಿದ್ದ. ಕಶ್ಯಪನ ಮನೆಯಲ್ಲಿ ಮಗು ಹುಟ್ಟಿದ್ದು ಸಂಘಕ್ಕೆಲ್ಲ ಗೊತ್ತು. ಐದೇ ನಿಮಿಷದಲ್ಲಿ ಬಾಯಾರಿದ ನೆಲಕ್ಕೆ ಮಳೆ ಬಿದ್ದಂತೆ ಹೆಸರುಗಳು ಸುರಿದವು. ಪುನೀತಾ, ಪುಷ್ಪಾ, ಪೂರ್ಣಿಮಾ, ಷಣ್ಮುಖಪ್ರಿಯಾ. ಎರ್ಲಾಂಗೆನ್‌ನ ಡಾಕ್ಟರೊಬ್ಬರು ಪುಟ್ಟತಾಯಮ್ಮ ಎಂಬ ತಮ್ಮ ಅಜ್ಜಿಯ ಹೆಸರನ್ನು ಒಂಬತ್ತು ಹೂವಿನ ಚಿತ್ರಗಳ ಸಮೇತ ಕಳಿಸಿದರು. ಮೂರನೇ ಪಾದವಾದರೆ ಶಾಂತಿ ಮಾಡಿಸುವುದು ಒಳ್ಳೆಯದು ಎಂದು ಬಾನ್ ಊರಿನಿಂದ ಯಾರೋ ಹೆದರಿಸಿದರು. ಡ್ರೈವರ್ ಬರೆದವನ ಸುದ್ದಿ ಮಾತ್ರ ಯಾರೂ ಎತ್ತಲಿಲ್ಲ.

ಗ್ರೂಪನ್ನು ನೋಡಿದ ಜಯಪ್ರಕಾಶರು ಉತ್ತರ ಬರೆಯದೆ ಖುದ್ದಾಗಿ ಬಂದರು. ಪಕ್ಕದೂರು ಸಿಂಡೆಲ್‌ಫಿಂಗೆನ್‌ನಲ್ಲಿ ಮೂವತ್ತು ವರ್ಷದಿಂದ ನೆಲೆಸಿದ ನಿವೃತ್ತರು, ಸಂಘದ ಮಾಜಿ ಅಧ್ಯಕ್ಷರು. ಊರಿಗೆ ಹೋಗುವವರ ವಾಸನೆ ಹಿಡಿಯುವುದರಲ್ಲಿ ಅವರನ್ನು ಮೀರಿಸಿದವರಿಲ್ಲ. ರಿಸೆಪ್ಷನ್ನಿನಲ್ಲಿ ಒಂದು ಪೊಟ್ಟಣ ಹಿಡಿದು ನಿಂತಿದ್ದರು.

"ಏನಿಲ್ಲಯ್ಯಾ, ಜಯನಗರದಲ್ಲಿ ನಮ್ಮ ತಂಗಿಗೆ ಒಂಚೂರು ವಿಟಮಿನ್ನು, ಮಂಡಿನೋವಿನ ಮುಲಾಮು, ಚಾಕಲೇಟು. ಹಗುರ ಇದೆ, ಹತ್ತಿ ಇದ್ದಂಗೆ."

ತೂಕದ ಯಂತ್ರದ ಕಂಪನಿಯಲ್ಲಿ ನಿಂತು ಹೇಳುವ ಸುಳ್ಳಲ್ಲ ಅದು. ಪ್ರದರ್ಶನಕ್ಕಿಟ್ಟ ಯಂತ್ರದ ಮೇಲೆ ಪೊಟ್ಟಣ ಇಟ್ಟರೆ ಆರು ಕೆಜಿ ತೋರಿಸಿತು. "ನಿಮ್ಮ ಯಂತ್ರ ರಿಪೇರಿಗೆ ಬಂದಿದೆ ಕಣಯ್ಯಾ" ಎಂದರು ಜಯಪ್ರಕಾಶರು.

ಅದೇ ಹೊತ್ತಿಗೆ ಲಿಂಡ್ನರ್ ಮೆಟ್ಟಿಲಿಳಿದು ಬಂದರು. ಕೈಯಲ್ಲಿ ಟ್ಯಾಬ್ಲೆಟ್ಟು. ಅರ್ಥವಾಗದ ಹೆಸರಿನ ಹಳೇ ಡ್ರೈವರುಗಳು ಇನ್ನೂ ಕೆಲವು ಸಿಕ್ಕಿವೆಯಂತೆ. "ಇವು ಏನೂ ಅಲ್ಲ ತಾನೆ?" ಎಂದು ಕೇಳಿದರು. ಕಶ್ಯಪ ಒಮ್ಮೆ ನೋಡಿದ, ಎಲ್ಲವೂ ಗೊತ್ತಿದ್ದವೇ. ಈ ಸಲ ಬುದ್ಧಿ ಬಂದಿತ್ತು. "ಏನೋ ಗೊತ್ತಿಲ್ಲ" ಎಂದು ತಲೆಯಾಡಿಸಿದ.

"ಗೊತ್ತಿಲ್ಲ ಅಂತೀಯಲ್ಲೋ!" ಜಯಪ್ರಕಾಶರು ಕನ್ನಡಕ ಏರಿಸಿ ಟ್ಯಾಬ್ಲೆಟ್ಟನ್ನು ಪಂಚಾಂಗದ ಹಾಗೆ ದೂರಕ್ಕೆ ಹಿಡಿದರು. "ಚು ಚೆ ಚೋ ಲ, ಅಶ್ವಿನಿ. ಲಿ ಲು ಲೆ ಲೋ, ಭರಣಿ. ನೋ ಯ ಯಿ ಯು, ಜ್ಯೇಷ್ಠಾ. ಇದ್ಯಾವನೋ ಭಾರಿ ಆಚಾರವಂತ ಕಣಯ್ಯಾ!" ಎಂದು ಹೇಳಿ, ಅದನ್ನೆಲ್ಲ ತಮ್ಮ ಸೊಗಸಾದ ಜರ್ಮನ್ನಿನಲ್ಲಿ ಲಿಂಡ್ನರ್‌ಗೂ ತಿಳಿಸಿಬಿಟ್ಟರು. ಲಿಂಡ್ನರ್ ಅವರಿಗೆ ಧನ್ಯವಾದ ಹೇಳಿ, ಆ ಫೈಲುಗಳ ಮುಂದೆಯೂ ಕಶ್ಯಪನ ಹೆಸರನ್ನೇ ತುಂಬಿಕೊಂಡು ಹೋದರು.

"ನೋಡಿದ್ಯಾ, ಹೆಂಗೆ ಸಹಾಯ ಮಾಡ್ದೆ?" ಎಂದರು ಜಯಪ್ರಕಾಶರು.

ಕಶ್ಯಪ ಮೆಟ್ಟಿಲ ಮೂಲೆಗೆ ಹೋಗಿ ಕೂತ. ಸರಿಯಾಗಿ ಆಗಲೇ ಶುಭಾಳ ವಿಡಿಯೋ ಕಾಲ್ ಬಂತು.

"ಹೊರಟ್ಯಾ? ಸೂಟ್‌ಕೇಸ್ ತೂಕ ಸರಿಯಿದೆ ತಾನೆ? ಇಲ್ಲಿ ನೋಡು, ನಿನ್ನ ಮಗಳು ಕಾಲು ಬಾಯಿಗೆ ಹಾಕ್ಕೊಳೋಕೆ ನೋಡ್ತಿದಾಳೆ."

ಪರದೆಯ ತುಂಬ ಒಂದು ಅಂಗಾಲು. ಹೊಸ ಬೆಣ್ಣೆಯ ಬಣ್ಣ, ಐದು ಬೆರಳು, ಒಂದೊಂದೂ ಅವರೆಕಾಳಿನಷ್ಟು. ಆಮೇಲೆ ಮುಖ. ಮಗು ಫೋನಿನ ಕಡೆ ನೋಡಿತು, ಅದರಾಚೆಗೆ ನೋಡಿತು, ಅಲ್ಲಿ ತಿರುಗುತ್ತಿದ್ದ ಫ್ಯಾನಿಗೆ ನಕ್ಕಿತು. ಫ್ಯಾನಿನ ಭಾಗ್ಯ ತನಗಿಲ್ಲವಲ್ಲ ಎಂದುಕೊಂಡ ಕಶ್ಯಪ.

"ಯಾಕೆ ಸುಮ್ನಿದೀಯಾ?"

"ಏನಿಲ್ಲ. ಒಂದು ಸಣ್ಣ ಕೆಲಸ ಇದೆ. ಮುಗಿಸಿ ಹೊರಡ್ತೀನಿ."

"ತಡ ಮಾಡ್ಬೇಡ ಕಣೋ. ಮುಂದಿನ ವಾರದಿಂದ ಆಷಾಢ. ಈ ಮುಹೂರ್ತ ಬಿಟ್ರೆ ಇನ್ನೊಂದು ತಿಂಗಳು ಇಲ್ಲ ಅಂದಿದಾರೆ." ಅವಳ ದನಿ ತಗ್ಗಿತು. "ನಂಗೂ ಸಾಕಾಗಿದೆ, ಬಂದುಬಿಡು."

ಅವನು ಮೇಲೆ ಬಂದಾಗ ಅವನ ಮೇಜಿನ ಸುತ್ತ ಜನ ಸೇರಿದ್ದರು. ಕಂಪನಿ ಬಿಟ್ಟುಹೋದ ಕನ್ನಡಿಗರನ್ನೆಲ್ಲ ಜಯಪ್ರಕಾಶರು ಒಬ್ಬೊಬ್ಬರಾಗಿ ಫೋನಿನಲ್ಲಿ ವಿಚಾರಿಸುತ್ತಿದ್ದರು, ಹದಿನೆಂಟು ವರ್ಷದ ಹಿಂದಿನ ಪಂಚಾಂಗವನ್ನು ಪೃಥ್ವಿ ಇಂಟರ್‌ನೆಟ್ಟಿನಲ್ಲಿ ಜಾಲಾಡುತ್ತಿದ್ದ. "ಮಗಾ, ಆ ಫೈಲ್ ರಿಲೀಸ್ ಆದ ದಿನ ಹಸ್ತಾನೇ ಇತ್ತು ಕಣೋ!" ಎಂದು ಅವನು ಕೂಗಿದ ಸದ್ದಿಗೆ ಕೊನೆಯ ಕೋಣೆಯ ಬಾಗಿಲು ತೆರೆಯಿತು.

ಹೊರಬಂದವರು ಇಡೀ ವಿಭಾಗದ ಮುಖ್ಯಸ್ಥರಾದ ಹೆರ್ ಬ್ರುಗ್ಗರ್. ಬೆಳ್ಳಗಿನ ಗಡ್ಡ, ಮಿತಭಾಷಿ, ನಿವೃತ್ತಿಗೆ ಕೆಲವೇ ತಿಂಗಳು ಬಾಕಿ. ಗಲಾಟೆ ನಿಲ್ಲಿಸಿ ಎಂದು ಹೇಳಲು ಬಂದವರು ಪರದೆಯ ಮೇಲಿನ ಹೆಸರು ನೋಡಿ ಅಲ್ಲೇ ನಿಂತರು. ಮೆಲ್ಲನೆ ಕುರ್ಚಿ ಎಳೆದು ಕೂತರು.

"ಪು, ಷ, ಣ, ಠ" ಎಂದರು.

ಜಯಪ್ರಕಾಶರ ಕೈಯಿಂದ ಫೋನು ಜಾರಿತು. ನಮ್ಮ ಮಕ್ಕಳಿಗೇ ಹೊರಳದ ಆ ಣ, ಆ ಠ, ಬ್ರುಗ್ಗರ್ ಬಾಯಲ್ಲಿ ವೇದಪಾಠಶಾಲೆಯ ಹುಡುಗನ ಹಾಗೆ ಸ್ವಚ್ಛವಾಗಿ ಬಂದಿತ್ತು.

"ನಾನೇ ಬರೆದಿದ್ದು" ಎಂದರು ಬ್ರುಗ್ಗರ್. ಆಗ ಎರಡು ವರ್ಷ ಮೈಸೂರಿನಲ್ಲಿದ್ದರಂತೆ. ಲಕ್ಷ್ಮೀಪುರದಲ್ಲಿ ಬಾಡಿಗೆ ಮನೆ, ಮಾಲೀಕರು ಅವಧಾನಿಗಳು. ಹುಟ್ಟಿದ್ದಕ್ಕೆಲ್ಲ ನಕ್ಷತ್ರ ನೋಡಿ ಹೆಸರಿಡಬೇಕು, ಇಲ್ಲದಿದ್ದರೆ ಅದಕ್ಕೆ ಆಯುಸ್ಸಿಲ್ಲ ಎಂದು ಅವಧಾನಿಗಳು ಹೇಳಿದ್ದರು. ಬ್ರುಗ್ಗರ್‌ಗೆ ಮಕ್ಕಳಿರಲಿಲ್ಲ. ಬರೆದ ಡ್ರೈವರುಗಳಿಗೇ ಹೆಸರಿಟ್ಟರು. "ಆಯುಸ್ಸು ಸ್ವಲ್ಪ ಹೆಚ್ಚೇ ಆಯಿತು" ಎಂದು ಕಣ್ಣೊರೆಸಿಕೊಂಡರು.

ಗದ್ದಲ ಕೇಳಿ ಬಂದಿದ್ದ ಲಿಂಡ್ನರ್ ಕಶ್ಯಪನ ಹೆಸರನ್ನು ಪಕ್ಕದ ಕಾಲಮ್ಮಿಗೆ ಸರಿಸಿ ಅವನ ಜಾಗದಲ್ಲಿ ಬ್ರುಗ್ಗರ್ ಹೆಸರು ಹಾಕಿದರು. ಪಕ್ಕದ ಕಾಲಮ್ಮೆಂದರೆ ಬದಲಿ ಆಳು. ಹೊಣೆಗಾರರು ಊರಿನಲ್ಲಿ ಇಲ್ಲದಾಗ ಮಾತ್ರ ಅವನ ಕೆಲಸ. ಪೃಥ್ವಿ ತಾನು ಬದಲಿಯಾಗುತ್ತೇನೆಂದ, ಹೊಸಬರಿಗೆ ಆರು ತಿಂಗಳಾಗದೆ ಕೊಡುವಂತಿಲ್ಲ ಎಂದರು ಲಿಂಡ್ನರ್. ಇರಲಿ, ಬ್ರುಗ್ಗರ್ ಇಲ್ಲೇ ಇರುತ್ತಾರಲ್ಲ! ರೈಲಿಗೆ ಇನ್ನೂ ಹೊತ್ತಿತ್ತು. ಕಶ್ಯಪ ಹೋದ ಜೀವ ಬಂದವನಂತೆ ಸೂಟ್‌ಕೇಸಿನ ಹಿಡಿ ಮೇಲೆಳೆದ. ಇಲ್ಲಿಗೆ ಕತೆ ಮುಗಿಯಬೇಕಾಗಿತ್ತು.

"ನೀವು ಹೋಗುತ್ತಿರುವುದು ಮೈಸೂರಿಗೇ?" ಎಂದರು ಬ್ರುಗ್ಗರ್. ಕಿಟಕಿಯಾಚೆ ನೋಡುತ್ತ ಮಾತಾಡಿದರು. ಈ ಡ್ರೈವರಿನ ಹಳೇ ಯಂತ್ರಗಳು ಈಗ ಉಳಿದಿರುವುದು ನಂಜನಗೂಡಿನ ಒಂದು ಕಾರ್ಖಾನೆಯಲ್ಲಿ ಮಾತ್ರ. ಯಾರಾದರೂ ಹೋಗಿ ಕೈಯಾರೆ ಬದಲಾಯಿಸಬೇಕು. ಬೆಂಗಳೂರಿನ ಏಜೆಂಟರಿಗೆ ಹೇಳಿದರೆ ಸೋಮವಾರ ಮಾಡಿಕೊಡುತ್ತಾರೆ. "ನಾನೇ ಹೋಗಬೇಕೆಂದೇನೂ ಇಲ್ಲ. ಆದರೆ ಅವಧಾನಿಗಳ ಮನೆ ಹಾಗೇ ಇದೆಯೋ ಏನೋ. ಬೆಳಿಗ್ಗೆ ಅವರ ಮನೆಯಾಕೆ ಬಾಗಿಲಿಗೆ ನೀರು ಹಾಕುವ ಸದ್ದಿಗೆ ಏಳುತ್ತಿದ್ದೆ. ಹದಿನೆಂಟು ವರ್ಷ ಆಯಿತು, ಇವತ್ತಿಗೂ ಕೆಲವು ದಿನ ಆ ಸದ್ದು ಕೇಳಿದ ಹಾಗಾಗಿ ಎಚ್ಚರವಾಗುತ್ತದೆ. ನಿವೃತ್ತಿಯಾದ ಮೇಲೆ ಯಾವ ನೆಪದಲ್ಲಿ ಹೋಗಲಿ? ಇರಲಿ. ಇಬ್ಬರಲ್ಲಿ ಒಬ್ಬರು ಇಲ್ಲಿರಲೇಬೇಕಲ್ಲ. ನೀವು ಹೋಗಿ."

ಊರಿನ ಹಂಬಲ ಎಂಥದ್ದೆಂದು ಕಶ್ಯಪನಿಗೆ ಯಾರೂ ಹೇಳಿಕೊಡಬೇಕಾಗಿರಲಿಲ್ಲ. ಮುದುಕರ ಮುಖ ನೋಡಿ ಅವನ ಕರುಳು ಚುರುಕ್ಕೆಂದಿತು. ಹಾಗೆ ಚುರುಕ್ಕೆಂದಾಗ ಮೈಸೂರಿನವನೊಬ್ಬ ಏನು ಹೇಳುತ್ತಾನೋ ಅದನ್ನೇ ಅವನೂ ಹೇಳಿದ.

"ಛೆ ಛೆ, ಎಲ್ಲಾದರೂ ಉಂಟೆ ಸರ್! ನೀವು ಹೋಗಿ ಬನ್ನಿ. ನನ್ನದೇನು, ಬೇಕಾದರೆ ನಾನು ಇಲ್ಲಿರುತ್ತೇನೆ."

ಇದು ಉಪಚಾರದ ಮಾತು. ನಮ್ಮಲ್ಲಿ ಇದಕ್ಕೆ ಉತ್ತರ ಮೊದಲೇ ಗೊತ್ತು. ಎದುರಿನವರು "ಅಯ್ಯೋ, ಮಗು ನಾಮಕರಣ ಬಿಟ್ಟು ನೀವಿರೋದೇ!" ಎನ್ನಬೇಕು. ಇವನು "ಇರಲಿ ಬಿಡಿ" ಎನ್ನಬೇಕು. ಅವರು "ಸಾಧ್ಯವೇ ಇಲ್ಲ" ಎನ್ನಬೇಕು. ಮೂರನೇ ಸುತ್ತಿಗೆ ಇಬ್ಬರ ಮಾನವೂ ಉಳಿದು, ಹೋಗಬೇಕಾದವನು ಹೋಗುತ್ತಾನೆ.

ಬ್ರುಗ್ಗರ್ ಎದ್ದು ನಿಂತು ಕಶ್ಯಪನ ಎರಡೂ ಕೈ ಹಿಡಿದರು. "ಡಾಂಕೆ" ಎಂದು ಧನ್ಯವಾದ ಹೇಳಿದರು.

ಅಷ್ಟೇ. ಮೈಸೂರಿನಲ್ಲಿ ಅವರು ಣ ಕಲಿತಿದ್ದರು, ಠ ಕಲಿತಿದ್ದರು, ಮೊದಲ ಸುತ್ತಿಗೇ ಒಪ್ಪಬಾರದು ಎಂಬುದನ್ನು ಕಲಿಯುವುದರೊಳಗೆ ವಾಪಸ್ಸು ಬಂದಿದ್ದರು. ಬೆಳಿಗ್ಗೆ ಕೇಳದಿದ್ದರೂ ಕುಣಿದಿದ್ದ ಕಶ್ಯಪನ ನಾಲಿಗೆ ಈಗ ಬೇಕೆಂದಾಗ ಏಳಲಿಲ್ಲ. "ಆದರೆ ಮಗು..." ಎಂದು ತೊದಲುವಷ್ಟರಲ್ಲಿ, "ಮಗುವಿಗೆ ಏನಾದರೂ ಕೊಡುವುದಿದ್ದರೆ ಕೊಡಿ, ತಲುಪಿಸುತ್ತೇನೆ" ಎಂದರು ಬ್ರುಗ್ಗರ್. ಗಾಬರಿಯಲ್ಲಿ ಕಶ್ಯಪ, "ಅಯ್ಯೋ, ಖಂಡಿತ ಮನೆಗೆ ಬನ್ನಿ ಸರ್" ಎಂದ. ಅದೂ ಉಪಚಾರವೇ. ಬ್ರುಗ್ಗರ್ ವಿಳಾಸ ಬರೆದುಕೊಂಡರು. ಲಿಂಡ್ನರ್ ಬ್ರುಗ್ಗರ್‌ಗೆ ಅದೇ ರಾತ್ರಿ ಹೊರಟು ಬುಧವಾರ ಮರಳುವ ಟಿಕೆಟ್ ತೆಗೆಸಿ, ಕಶ್ಯಪನ ರಜೆಯನ್ನು ಮುಂದಿನ ಗುರುವಾರಕ್ಕೆ ಸರಿಸಿ, ಕ್ಯಾಲೆಂಡರಿನಲ್ಲಿ ಇಲ್ಲದ ಒಂದು ನಗೆ ನಕ್ಕರು.

"ಜರ್ಮನ್ನರ ಹತ್ರ ಉಪಚಾರದ ಮಾತಾಡ್ತಾರೇನಯ್ಯಾ?" ಜಯಪ್ರಕಾಶರು ಹಣೆ ಚಚ್ಚಿಕೊಂಡರು. "ಮೊದಲನೇ ವರ್ಷ ಇಲ್ಲಿ ಯಾರೋ ಊಟಕ್ಕೆ ಕರೆದಾಗ ಬೇಡ ಅಂದು, ಹಸ್ಕೊಂಡು ವಾಪಸ್ ಬಂದೋನು ನಾನು!" ಎಂದವರು ಬ್ರುಗ್ಗರ್ ಹಿಂದೆ ಓಡಿ ತಮ್ಮ ಆರು ಕೆಜಿ ಹತ್ತಿಯನ್ನು ಒಪ್ಪಿಸಿ ಬಂದರು.

ಭಾನುವಾರ ಬೆಳಕು ಹರಿಯುವ ಮೊದಲೇ ಕಶ್ಯಪ ಸ್ನಾನ ಮಾಡಿ, ಪಂಚೆ ಉಟ್ಟು, ಅಡುಗೆಮನೆಯ ಮೇಜಿನ ಮುಂದೆ ಒಬ್ಬನೇ ಕೂತಿದ್ದ. ಪರದೆಯ ಮೇಲೆ ಮಾವನವರ ಹಾಲ್ ತುಂಬ ಜನ. ಶುಭಾ ಅವನ ಕಡೆ ನೋಡಿ ನಗಲು ಯತ್ನಿಸಿದಳು, ಆಗಲಿಲ್ಲ. ಶುಕ್ರವಾರ ರಾತ್ರಿ ಎಷ್ಟು ಬೈಯಬೇಕೋ ಅಷ್ಟು ಬೈದು ಅತ್ತಿದ್ದಳು. ಈಗ ಬೈಗುಳವೂ ಉಳಿದಿರಲಿಲ್ಲ. ಅವನ ಬದಲು ಅವಳ ಅಣ್ಣ ಅಕ್ಕಿಯಲ್ಲಿ ಹೆಸರು ಬರೆದ. ಅವನ ಪಕ್ಕದ ಮಣೆಯಲ್ಲಿ ಹೊಸ ಪಂಚೆ ಶಲ್ಯದಲ್ಲಿ, ಹಣೆಗೆ ಕುಂಕುಮ ಇಟ್ಟುಕೊಂಡು ಹೆರ್ ಬ್ರುಗ್ಗರ್ ಚಕ್ಕಂಬಕ್ಕಲ ಹಾಕಿ ಕೂತಿದ್ದರು.

"ಈಗ ಹೇಳಪ್ಪಾ" ಎಂದರು ಪುರೋಹಿತರು. ಶುಭಾ ಫೋನನ್ನು ಮಗುವಿನ ಕಿವಿಗೆ ಹಿಡಿದಳು.

ಕಶ್ಯಪ ಉಸಿರು ಬಿಗಿಹಿಡಿದು, ಈ ದೇಶದಿಂದ ಆ ದೇಶದವರೆಗೆ ಬಗ್ಗಿದವನಂತೆ ಬಗ್ಗಿ, "ಪೂರ್ವಿ" ಎಂದ. ಇನ್ನೊಮ್ಮೆ ಹೇಳುವಾಗ ದನಿ ಒಡೆಯಿತು. ಮೂರನೆಯದನ್ನು ಪಿಸುಗುಟ್ಟಿದ.

ಮಗು ಕಣ್ಣರಳಿಸಿತು. ಇಷ್ಟು ಪ್ರೀತಿಯಿಂದ ಕರೆದವರು ಯಾರು ಎಂದು ಅತ್ತಿತ್ತ ಹುಡುಕಿತು. ಎಲ್ಲರಿಗಿಂತ ಹತ್ತಿರದಲ್ಲಿದ್ದುದು ಒಂದು ಬಿಳಿಯ ಗಡ್ಡ. ಮಗು ಬ್ರುಗ್ಗರ್ ಮುಖ ನೋಡಿ ಬಾಯಗಲಿಸಿ ನಕ್ಕಿತು, ಅವರ ತೋರುಬೆರಳನ್ನು ಮುಷ್ಟಿಯಲ್ಲಿ ಬಿಗಿಯಾಗಿ ಹಿಡಿದುಕೊಂಡಿತು. ಬ್ರುಗ್ಗರ್ ಕಣ್ಣಲ್ಲಿ ನೀರು. ಇತ್ತ ಅಡುಗೆಮನೆಯಲ್ಲಿ ಕಶ್ಯಪ ತನ್ನ ಬೆರಳನ್ನು ತಾನೇ ನೋಡಿಕೊಂಡ.

ಇರಲಿ, ಬುಧವಾರ ಅವರು ಬರುತ್ತಾರೆ, ಗುರುವಾರ ತಾನು ಹೊರಡುತ್ತೇನೆ, ನಾಲ್ಕೇ ದಿನ ಎಂದು ಸಮಾಧಾನ ಹೇ‍ಳಿಕೊಂಡ. ಆಗ ಫೋನು ಕೈ ಬದಲಾಗಿ ಮಾವನವರ ಮುಖ ಬಂತು. ಹೋಳಿಗೆಯ ತೃಪ್ತಿ ಮುಖದ ತುಂಬ ಇತ್ತು.

"ಏನು ಸರಳ ಮನುಷ್ಯರಪ್ಪಾ ನಿಮ್ಮ ಸಾಹೇಬ್ರು! ಅವಧಾನಿಗಳ ಮನೆ ಕೆಡವಿ ಅಪಾರ್ಟ್‌ಮೆಂಟ್ ಕಟ್ಟಿದಾರಂತೆ, ಪಾಪ, ಸಪ್ಪಗಾಗಿದ್ರು. ಅದಕ್ಕೆ ನಾನು ಮಾತಿಗೆ ಅಂದೆ, ಇಷ್ಟು ದೂರ ಬಂದಿದೀರಿ, ಇನ್ನೊಂದು ತಿಂಗಳು ನಮ್ಮನೇಲೇ ಇದ್ದು ಮಗು ಜೊತೆ ಆಡ್ಕೊಂಡು ಹೋಗಿ ಅಂತ."

ಕಶ್ಯಪ ಕೂತಲ್ಲಿಂದ ಎದ್ದೇಬಿಟ್ಟ. "ಮಾವಾ, ಅದಕ್ಕೆ ಅವರೇನಂದ್ರು?"

"ಅದೇನೋ ಡಾಂಕೆ ಅಂದ್ರಪ್ಪ. ಹಾಗಂದ್ರೇನು?"

ಕಶ್ಯಪ ಕಿಟಕಿಯ ಕಡೆ ತಿರುಗಿದ. ಹೊರಗೆ ಬೊಬ್ಲಿಂಗೆನ್‌ನ ಮೇಲೆ ಬಿಸಿಲು ಏರುತ್ತಿತ್ತು.

"ಏನಿಲ್ಲ ಮಾವಾ" ಎಂದ. "ಫೋನ್ ಸ್ವಲ್ಪ ಪೂರ್ವಿ ಕಡೆ ತಿರುಗಿಸಿ."